ಆನ್‌ಲೈನ್ ಕೋರ್ಸ್: ಮೇಷ್ಟ್ರೊಬ್ಬರ ಹೆಗಲಿಗೆ ಐವರ ಕೆಲಸ

ಕಾಲೇಜಿನಲ್ಲಿ ಆನ್‌ಲೈನ್ ಕೋರ್ಸ್ ಶುರು ಮಾಡಬೇಕೆಂದರೆ, ಚೆನ್ನಾಗಿ ಪಾಠ ಮಾಡುವ ಮೇಷ್ಟ್ರೊಬ್ಬರನ್ನು ಕ್ಯಾಮೆರಾ ಮುಂದೆ ನಿಲ್ಲಿಸಿ 50 ನಿಮಿಷದ ತರಗತಿಯನ್ನು ಇಡಿಯಾಗಿ ಚಿತ್ರೀಕರಿಸಿಬಿಡುತ್ತಾರೆ. ಕೋರ್ಸ್ ಸೋಲುವುದು ಅಲ್ಲೇ. 2017ರಲ್ಲಿ ಶುರುವಾದ ಕೇಂದ್ರ ಸರ್ಕಾರದ ಆನ್‌ಲೈನ್ ಕಲಿಕೆಯ ‘ಸ್ವಯಂ’ ವೇದಿಕೆ ಪ್ರತಿ ಕೋರ್ಸಿಗೂ ವಿಡಿಯೊ, ಓದುವ ಸಾಮಗ್ರಿ, ಚರ್ಚಾ ವೇದಿಕೆ, ಪರೀಕ್ಷೆ ಎಂಬ ನಾಲ್ಕು ಭಾಗ ಕೇಳುತ್ತದೆ. ನಾಲ್ಕಕ್ಕೂ ಬೇಕಾದ ಕೌಶಲ ಬೇರೆ ಬೇರೆ. ಅದಕ್ಕೆ ಐವರು ಬೇಕು: ವಿಷಯ ತಜ್ಞರು, ಪಾಠ ವಿನ್ಯಾಸಕರು, ಚಿತ್ರೀಕರಣದವರು, ಅಡ್ಮಿನ್, ಮಾರ್ಗದರ್ಶಕರು.

ಎಲ್ಲರೂ ಬಿಟ್ಟುಬಿಡುವ ಹುದ್ದೆ ಪಾಠ ವಿನ್ಯಾಸಕರದು. ಚಿತ್ರದುರ್ಗದ ಕೋಟೆಯ ನೀರಿನ ವ್ಯವಸ್ಥೆಯನ್ನೇ ಪಾಠ ಮಾಡುತ್ತೇವೆ ಎನ್ನಿ. ವಿಷಯ ತಜ್ಞರು ಪಾಳೆಯಗಾರರಿಂದ ಆರಂಭಿಸಿ ಮುಕ್ಕಾಲು ಗಂಟೆ ಹೇಳಬಲ್ಲರು. ವಿನ್ಯಾಸಕರು ಕೇಳುವುದು ಒಂದೇ ಪ್ರಶ್ನೆ: ಪಾಠ ಮುಗಿದ ಮೇಲೆ ವಿದ್ಯಾರ್ಥಿ ಏನು ಮಾಡಿ ತೋರಿಸಬೇಕು? ‘ಗೋಪಾಲಸ್ವಾಮಿ ಹೊಂಡದಿಂದ ಅಕ್ಕ-ತಂಗಿ ಹೊಂಡ, ಸಿಹಿನೀರು ಹೊಂಡ ದಾಟಿ ಸಂತೆ ಹೊಂಡದವರೆಗೆ ನೀರು ಇಳಿಯುವ ದಾರಿಯನ್ನು ನಕ್ಷೆಯಲ್ಲಿ ಗುರುತಿಸಬೇಕು’ ಎಂದು ಉತ್ತರ ಬಂದ ಕೂಡಲೇ ಪಾಠದ ಅಳತೆ ಸಿಕ್ಕಿತು. ಆರು ನಿಮಿಷದ ವಿಡಿಯೊ, ಒಂದು ಖಾಲಿ ನಕ್ಷೆ, ಮೂರು ಪ್ರಶ್ನೆ. ಉಳಿದ ಇತಿಹಾಸ ಓದುವ ಸಾಮಗ್ರಿಗೆ ಹೋಗಲಿ.

ಪ್ರಶ್ನೆ ಬರೆಯುವುದೂ ಸುಲಭವಲ್ಲ. ‘ಅಕ್ಕ-ತಂಗಿ ಹೊಂಡ ಕೋಡಿ ಬಿದ್ದರೆ ನೀರು ಮೊದಲು ಎಲ್ಲಿಗೆ?’ ಎಂದು ಕೇಳಿದಿರಿ. ಗೋಪಾಲಸ್ವಾಮಿ ಹೊಂಡ ಎಂದವನು ಇಳಿಜಾರನ್ನೇ ತಿರುವುಮುರುವು ಮಾಡಿಕೊಂಡಿದ್ದಾನೆ. ಸಂತೆ ಹೊಂಡ ಎಂದವನು ನಡುವಿನ ಒಂದನ್ನು ಬಿಟ್ಟಿದ್ದಾನೆ. ಪ್ರತಿ ತಪ್ಪು ಆಯ್ಕೆಗೂ ಹೀಗೊಂದು ಕಾರಣ ಇರಬೇಕು, ಅದಕ್ಕೆ ತಕ್ಕ ಒಂದು ಸಾಲಿನ ವಿವರಣೆಯೂ ಪರದೆಯ ಮೇಲೆ ಬರಬೇಕು. ಸುಮ್ಮನೆ ನಾಲ್ಕು ಹೆಸರು ತುಂಬಿಸಿದರೆ ಊಹೆಯ ಆಟವಾಗುತ್ತದೆ.

ಚಿತ್ರೀಕರಣದವರಿಗೆ ಎರಡು ಮಾತು ಸಾಕು. ಮೈಕ್ ಬಾಯಿಂದ ಒಂದು ಗೇಣು ದೂರದಲ್ಲಿರಲಿ, ಫ್ಯಾನ್ ಆರಿಸಿ. ಆರು ನಿಮಿಷದ ವಿಡಿಯೊ ಸೆಕೆಂಡಿಗೆ 1.5 ಮೆಗಾಬಿಟ್‌ನ, ಹೆಚ್ಚು ಸ್ಪಷ್ಟವಾದ 720ಪಿಯಲ್ಲಿ ಸುಮಾರು 67 ಎಂಬಿ, ಅರ್ಧ ಮೆಗಾಬಿಟ್‌ನ, ಸ್ಪಷ್ಟತೆ ಕಡಿಮೆಯ 480ಪಿಯಲ್ಲಿ 22 ಎಂಬಿ. ಮೊಳಕಾಲ್ಮೂರಿನ ಹಳ್ಳಿಯಲ್ಲಿ ಮೊಬೈಲ್ ಡೇಟಾ ನೆಚ್ಚಿಕೊಂಡ ಹುಡುಗಿಗೆ ಎರಡನೆಯದನ್ನೂ ಕೊಡಿ.

ಮೂಡಲ್‌ನಂಥ ಕಲಿಕಾ ವೇದಿಕೆ ನೋಡಿಕೊಳ್ಳುವ ಅಡ್ಮಿನ್‌ಗೆ ಕನ್ನಡದ್ದೇ ತೊಡಕುಗಳಿವೆ. ‘ನುಡಿ’ ಎಂಬ ಕನ್ನಡ ಟೈಪಿಂಗ್ ತಂತ್ರಾಂಶದ ಹಳೆಯ ಫಾಂಟಿನಲ್ಲಿ ಟೈಪಿಸಿದ ನೋಟ್ಸ್ ಅಂಟಿಸಿದರೆ ಪರದೆಯಲ್ಲಿ ಅರ್ಥವಿಲ್ಲದ ಇಂಗ್ಲಿಷ್ ಅಕ್ಷರಗಳು ಕಾಣುತ್ತವೆ; ಮೊದಲು ಎಲ್ಲ ಕಂಪ್ಯೂಟರ್‌ಗಳೂ ಓದಬಲ್ಲ ಯೂನಿಕೋಡ್‌ಗೆ ಪರಿವರ್ತಿಸಿ, ಒತ್ತಕ್ಷರ, ಅರ್ಕಾವೊತ್ತುಗಳನ್ನು ಕಣ್ಣಾರೆ ನೋಡಿ. ವಿದ್ಯಾರ್ಥಿಗಳ ಪಟ್ಟಿಯನ್ನು ಎಕ್ಸೆಲ್‌ನಲ್ಲಿ ಬರೀ ‘ಸಿಎಸ್‌ವಿ’ (ವೇದಿಕೆಗೆ ಏರಿಸುವ ಸರಳ ಪಠ್ಯದ ಕಡತ) ಎಂದು ಉಳಿಸಿದರೆ ಕನ್ನಡದ ಹೆಸರುಗಳು ಪ್ರಶ್ನಾರ್ಥಕ ಚಿಹ್ನೆಗಳಾಗುತ್ತವೆ, ‘ಸಿಎಸ್‌ವಿ ಯುಟಿಎಫ್-8’ ಆರಿಸಿ. ಸಮಯವಲಯ ನಮಗಿಂತ ಐದೂವರೆ ಗಂಟೆ ಹಿಂದಿರುವ ಜಾಗತಿಕ ಸಮಯ ಯುಟಿಸಿಯಲ್ಲೇ ಉಳಿದಿದ್ದರೆ ಬೆಳಿಗ್ಗೆ 10ಕ್ಕಿಟ್ಟ ಕ್ವಿಜ್ ಮಧ್ಯಾಹ್ನ 3.30ಕ್ಕೆ ತೆರೆಯುತ್ತದೆ.

ಕೊನೆಯವರು ಮಾರ್ಗದರ್ಶಕರು, ಅಂದರೆ ಕೋರ್ಸ್ ನಡೆಯುವಷ್ಟು ದಿನ ವಿದ್ಯಾರ್ಥಿಗಳ ಜೊತೆ ಇರುವವರು. ನಾನು ಅತಿ ಹೆಚ್ಚು ತೂಕ ಕೊಡುವುದು ಇವರಿಗೆ. 40 ವಿದ್ಯಾರ್ಥಿಗಳಿಗೆ ಒಬ್ಬರು ಬೇಕು. ಚರ್ಚೆಯಲ್ಲಿ ಬಿದ್ದ ಪ್ರಶ್ನೆಗೆ 24 ಗಂಟೆಯೊಳಗೆ ಉತ್ತರ ಹೋಗಬೇಕು. ಮೂರನೇ ದಿನವೂ ಲಾಗಿನ್ ಆಗದವರ ಪಟ್ಟಿ ತೆಗೆದು ಫೋನ್ ಮಾಡಬೇಕು. ‘ಯಾಕಮ್ಮ, ಪಾಸ್‌ವರ್ಡ್ ಬಂದಿಲ್ವಾ?’ ಎಂದು ಕೇಳುವ ದನಿಯೊಂದಿದ್ದರೆ ಎಷ್ಟೋ ಮಕ್ಕಳು ಅರ್ಧದಲ್ಲಿ ಬಿಡುವುದಿಲ್ಲ. ಇದನ್ನು ಅಡ್ಮಿನ್ ಮೇಲೆ ಹೇರಿದರೆ ಆತ ಪಾಸ್‌ವರ್ಡ್ ಸರಿಪಡಿಸಿ ಸುಮ್ಮನಾಗುತ್ತಾನೆ, ಪಾಠದ ಗೊಂದಲ ಹಾಗೇ ಉಳಿಯುತ್ತದೆ.

ಐವರು ಎಲ್ಲಿಂದ ಬರಬೇಕು ಎಂಬ ಕಾಲೇಜು ಮೂವರಿಂದಲೂ ನಡೆಸಬಹುದು. ವಿಷಯ ತಜ್ಞರೇ ಮಾರ್ಗದರ್ಶಕರಾಗಲಿ, ಚಿತ್ರೀಕರಣ ಮಾಡುವವರೇ ಅಡ್ಮಿನ್ ಆಗಲಿ. ವಿನ್ಯಾಸಕರು ಮಾತ್ರ ಬೇರೆಯವರಿರಬೇಕು, ಸಾಧ್ಯವಾದರೆ ಆ ವಿಷಯ ಓದದವರು. ತನಗೆ ಗೊತ್ತಿರುವ ಪಾಠದಲ್ಲಿ ಎಲ್ಲಿ ಕೊಂಡಿ ತಪ್ಪಿದೆ ಎಂಬುದು ತಜ್ಞರ ಕಣ್ಣಿಗೆ ಬೀಳುವುದೇ ಇಲ್ಲ.