ಮೊದಲ ಕ್ಯಾಪ್ ಸಿಕ್ಕ ಮೇಲೆ: ಇಂಗ್ಲೆಂಡಿನ ಎಳೆಯ ಆಟಗಾರರ ಹಾದಿ ಕಿರಿದಾದ ಬಗೆ

2026ರ ಜನವರಿಯಲ್ಲಿ ಸಿಡ್ನಿಯಲ್ಲಿ ನಡೆದ ಆ್ಯಷಸ್ ಸರಣಿಯ ಕೊನೆಯ ಟೆಸ್ಟ್‌ನಲ್ಲಿ ಇಂಗ್ಲೆಂಡಿನ ಜೇಕಬ್ ಬೆಥೆಲ್ 154 ರನ್ ಗಳಿಸಿದರು. ಆಗ ಅವರಿಗೆ 22 ವರ್ಷ. ಸರಣಿ ಅದಾಗಲೇ ಕೈತಪ್ಪಿದ್ದರೂ ಆ ಇನಿಂಗ್ಸ್ ಕುರಿತು ಬಹಳ ಚರ್ಚೆಯಾಯಿತು, ಏಕೆಂದರೆ ಟೆಸ್ಟ್‌ನಲ್ಲಿ ಮಾತ್ರವಲ್ಲ, ಇಡೀ ಪ್ರಥಮ ದರ್ಜೆ ಕ್ರಿಕೆಟ್‌ನಲ್ಲಿಯೇ ಅದು ಅವರ ಮೊದಲ ಶತಕವಾಗಿತ್ತು. ದೇಶೀಯ ಕ್ರಿಕೆಟ್‌ನ ಕೌಂಟಿ ತಂಡಗಳಲ್ಲಿ ವರ್ಷಗಟ್ಟಲೆ ರನ್ ಪೇರಿಸಿ, ಅದರ ಬಲದ ಮೇಲೆ ರಾಷ್ಟ್ರೀಯ ತಂಡದ ಬಾಗಿಲು ತಟ್ಟುವುದು ಅಲ್ಲಿನ ರೂಢಿ. ಇಲ್ಲಿ ಕ್ರಮವೇ ತಿರುವುಮುರುವಾಗಿತ್ತು.

ಇಂಗ್ಲೆಂಡಿನಲ್ಲಿ ಎಳೆಯ ಆಟಗಾರರ ವೃತ್ತಿಜೀವನದ ಬಗ್ಗೆ ಕೆಲವು ವರ್ಷಗಳಿಂದ ನಡೆಯುತ್ತಿರುವ ವಾದ ಈಗ ಬಿಡಿಸಲಾಗದ ಗಂಟಾಗಿದೆ. ಆಯ್ಕೆಗಾರರು ಅವಸರ ಮಾಡುತ್ತಾರೆ ಎನ್ನುವವರಿದ್ದಾರೆ, ಟಿ20 ಲೀಗ್‌ಗಳ ಹಣದತ್ತ ಬೆರಳು ತೋರಿಸುವವರಿದ್ದಾರೆ, ದುಬಾರಿ ಖಾಸಗಿ ಶಾಲೆಗಳ ಹಿಡಿತವೇ ಮೂಲ ಕಾರಣವೆನ್ನುವವರೂ ಇದ್ದಾರೆ. ರಗ್ಬಿಯಲ್ಲಿ ಇದಕ್ಕೆ ಗಾಯಗಳು, ದಿವಾಳಿಯಾದ ಕ್ಲಬ್‌ಗಳು, ವಿದೇಶದಲ್ಲಿ ಆಡುವವರಿಗೆ ರಾಷ್ಟ್ರೀಯ ತಂಡದಲ್ಲಿ ಸ್ಥಾನವಿಲ್ಲವೆಂಬ ನಿಯಮ, ಇವೆಲ್ಲ ಸೇರಿಕೊಂಡಿವೆ. ಪ್ರತಿಯೊಂದು ವಾದದಲ್ಲೂ ಹುರುಳಿದೆ. ಆದರೆ ಹಿಂದಿನ ಎಪ್ಪತ್ತೈದು ವರ್ಷಗಳನ್ನು ಒಟ್ಟಾಗಿ ನೋಡಿದರೆ, ಹದಿನೆಂಟು ಹತ್ತೊಂಬತ್ತರ ಹುಡುಗರನ್ನು ಆರಿಸುವುದು ಹೊಸ ಸಂಗತಿಯೇನಲ್ಲ ಎಂಬುದು ತಿಳಿಯುತ್ತದೆ. ಹೊಸದೇನೆಂದರೆ, ತಂಡದಿಂದ ಕೈಬಿಟ್ಟ ಹುಡುಗ ಮರಳಿ ಹೋಗಿ ತನ್ನ ಆಟವನ್ನು ತಿದ್ದಿಕೊಳ್ಳುತ್ತಿದ್ದ ಜಾಗ ಕಿರಿದಾಗುತ್ತ ಬಂದಿರುವುದು.

ಬ್ರಯಾನ್ ಕ್ಲೋಸ್ ಅವರ ಉದಾಹರಣೆಯನ್ನೇ ತೆಗೆದುಕೊಳ್ಳಬಹುದು. 1949ರಲ್ಲಿ ಓಲ್ಡ್ ಟ್ರಾಫರ್ಡ್‌ನಲ್ಲಿ ನ್ಯೂಜಿಲೆಂಡ್ ವಿರುದ್ಧ ಮೊದಲ ಟೆಸ್ಟ್ ಆಡಿದಾಗ ಅವರ ವಯಸ್ಸು 18 ವರ್ಷ 149 ದಿನ. ಆ ಪಂದ್ಯದಲ್ಲಿ ಸೊನ್ನೆಗೆ ಔಟಾದರು. ಮರುವರ್ಷದ ಆಸ್ಟ್ರೇಲಿಯಾ ಪ್ರವಾಸದಲ್ಲಿ ಗಾಯಗೊಂಡರು, ಮೆಲ್ಬರ್ನ್ ಟೆಸ್ಟ್‌ನ ಎರಡು ಇನಿಂಗ್ಸ್‌ಗಳಲ್ಲಿ ಗಳಿಸಿದ್ದು ಒಂದೇ ರನ್. ಇಂದಿನ ಅಳತೆಯಲ್ಲಿ ಅದು ಮುಗಿದ ಕಥೆ. ಆದರೆ ಅವರಿಗೆ ಯಾರ್ಕ್‌ಷೈರ್ ಕೌಂಟಿ ಇತ್ತು. ಅಲ್ಲಿ ಬೇಸಿಗೆಯಿಡೀ ಮೂರು ದಿನಗಳ ಪಂದ್ಯಗಳಿದ್ದವು. ಅಲ್ಲಿಂದಲೇ ಮತ್ತೆ ಮತ್ತೆ ಟೆಸ್ಟ್ ತಂಡಕ್ಕೆ ಬಂದ ಅವರು ನಾಯಕರಾಗಿ ಏಳು ಟೆಸ್ಟ್‌ಗಳಲ್ಲಿ ಆರನ್ನು ಗೆದ್ದರು. 1967ರಲ್ಲಿ ಎರಪಳ್ಳಿ ಪ್ರಸನ್ನ ಮತ್ತು ಬಿ.ಎಸ್. ಚಂದ್ರಶೇಖರ್ ಅವರಿದ್ದ ಭಾರತ ತಂಡವನ್ನು ಸೋಲಿಸಿದ್ದೂ ಅವರ ನಾಯಕತ್ವದಲ್ಲೇ. 1976ರಲ್ಲಿ, 45ನೇ ವಯಸ್ಸಿನಲ್ಲಿ, ವೆಸ್ಟ್ ಇಂಡೀಸ್ ವೇಗಿಗಳ ಚೆಂಡುಗಳನ್ನು ಮೈಯಲ್ಲಿ ತಡೆದುಕೊಂಡು ಕೊನೆಯ ಟೆಸ್ಟ್ ಆಡಿದರು. ಇಪ್ಪತ್ತೇಳು ವರ್ಷಗಳ ಅವಧಿಯಲ್ಲಿ ಆಡಿದ್ದು 22 ಟೆಸ್ಟ್ ಮಾತ್ರ, ಉಳಿದ ಬದುಕೆಲ್ಲ ಕೌಂಟಿಯದು.

ಆ ಕಾಲದಲ್ಲಿ ಒಬ್ಬನೇ ಎರಡೂ ಆಟಗಳನ್ನು ಆಡಬಹುದಿತ್ತು. 1963–64ರಲ್ಲಿ ಭಾರತ ಪ್ರವಾಸದ ನಾಯಕರಾಗಿದ್ದ ಎಂ.ಜೆ.ಕೆ. ಸ್ಮಿತ್ ಅದಕ್ಕೂ ಮೊದಲು ಇಂಗ್ಲೆಂಡ್ ಪರ ರಗ್ಬಿ ಆಡಿದ್ದರು. ಎಪ್ಪತ್ತರ ದಶಕದಲ್ಲಿ ಅಲಸ್ಟೇರ್ ಹಿಗ್ನೆಲ್ ಚಳಿಗಾಲದಲ್ಲಿ ಇಂಗ್ಲೆಂಡ್ ರಗ್ಬಿ ತಂಡದ ಫುಲ್‌ಬ್ಯಾಕ್, ಬೇಸಿಗೆಯಲ್ಲಿ ಗ್ಲಾಸ್ಟರ್‌ಷೈರ್ ಬ್ಯಾಟರ್. ಕ್ರಿಕೆಟ್‌ನಲ್ಲಿ ಹವ್ಯಾಸಿ–ವೃತ್ತಿಪರ ಭೇದ 1963ರ ಋತುವಿನಿಂದ ಹೋಯಿತು, ರಗ್ಬಿ ಯೂನಿಯನ್ 1995ರ ಆಗಸ್ಟ್‌ನಲ್ಲಿ ವೃತ್ತಿಪರವಾಯಿತು, 2000ದಲ್ಲಿ ಇಂಗ್ಲೆಂಡ್ ಕ್ರಿಕೆಟ್ ಮಂಡಳಿ ಆಟಗಾರರನ್ನು ತಾನೇ ನೇರವಾಗಿ ನೇಮಿಸಿಕೊಳ್ಳುವ ಕೇಂದ್ರೀಯ ಗುತ್ತಿಗೆಗಳನ್ನು ತಂದಿತು. ಅಷ್ಟರಲ್ಲಿ ಎರಡು ಆಟಗಳ ಹುಡುಗರು ಶಾಲೆ ಬಿಡುವ ಮೊದಲೇ ಒಂದನ್ನು ಆರಿಸಿಕೊಳ್ಳಬೇಕಾದ ಸ್ಥಿತಿ ಬಂತು.

ವೃತ್ತಿಪರ ರಗ್ಬಿಯ ಮೊದಲ ಎಳೆಯ ತಾರೆ ಜಾನಿ ವಿಲ್ಕಿನ್ಸನ್. 1998ರ ಏಪ್ರಿಲ್‌ನಲ್ಲಿ, 18ನೇ ವಯಸ್ಸಿನಲ್ಲಿ, ಐರ್ಲೆಂಡ್ ವಿರುದ್ಧ ಬದಲಿ ಆಟಗಾರನಾಗಿ ಇಳಿದ ಅವರನ್ನು ಎರಡೇ ತಿಂಗಳಲ್ಲಿ ಬ್ರಿಸ್ಬೇನ್‌ನಲ್ಲಿ ತಂಡದ ಆಟವನ್ನು ನಡೆಸುವ ಫ್ಲೈ ಹಾಫ್ ಸ್ಥಾನದಲ್ಲಿ ನಿಲ್ಲಿಸಲಾಯಿತು. ಹಲವು ಹಿರಿಯರು ಆ ಪ್ರವಾಸಕ್ಕೆ ಹೋಗಿರಲಿಲ್ಲ. ಆಸ್ಟ್ರೇಲಿಯಾ ಆ ಪಂದ್ಯವನ್ನು 76–0ಯಿಂದ ಗೆದ್ದಿತು. ಅಂಥ ಸೋಲಿನ ನಂತರ ಆ ಹುಡುಗ ನ್ಯೂಕಾಸಲ್‌ಗೆ ಮರಳಿದರು. ಆಗಷ್ಟೇ ಲೀಗ್ ಗೆದ್ದಿದ್ದ ಆ ಕ್ಲಬ್‌ನಲ್ಲಿ ಅದೇ ಸ್ಥಾನದ ಹಿರಿಯ ಆಟಗಾರ ರಾಬ್ ಆಂಡ್ರ್ಯೂ ಇದ್ದರು. 2003ರ ನವೆಂಬರ್‌ನಲ್ಲಿ ಸಿಡ್ನಿಯಲ್ಲಿ ಹೆಚ್ಚುವರಿ ಸಮಯದ ಕೊನೆಯಲ್ಲಿ ಬಲಗಾಲು ಒಗ್ಗದ ಎಡಗಾಲಿನ ಆಟಗಾರ ಬಲಗಾಲಿನಿಂದಲೇ ಡ್ರಾಪ್ ಗೋಲ್ (ಚೆಂಡನ್ನು ನೆಲಕ್ಕೆ ಬಿಟ್ಟು ಪುಟಿಯುವಾಗ ಗೋಲ್ ಕಂಬಗಳ ನಡುವೆ ಒದೆಯುವುದು) ಹೊಡೆದು ವಿಶ್ವಕಪ್ ತಂದುಕೊಟ್ಟದ್ದು ಎಲ್ಲರಿಗೂ ಗೊತ್ತು. ಆ ರಾತ್ರಿಯ ನಂತರ ಕತ್ತು, ತೋಳು, ಮಂಡಿ ಎಂದು ಒಂದರ ಹಿಂದೊಂದು ಗಾಯಗಳಾಗಿ 2007ರ ಫೆಬ್ರವರಿವರೆಗೆ ಅವರು ಇಂಗ್ಲೆಂಡ್ ಪರ ಒಂದು ಪಂದ್ಯವನ್ನೂ ಆಡಲಿಲ್ಲ ಎಂಬುದನ್ನು ಮಾತ್ರ ನೆನೆಯುವವರು ಕಡಿಮೆ. ಆಗಲೂ ಅವರನ್ನು ಕಾಯ್ದದ್ದು ಅದೇ ಕ್ಲಬ್.

ಮ್ಯಾಥ್ಯೂ ಟೇಟ್ ಕೂಡ ನ್ಯೂಕಾಸಲ್‌ನವರೇ. 19 ತುಂಬುವ ಹಿಂದಿನ ದಿನ, 2005ರ ಫೆಬ್ರವರಿ 5ರಂದು, ಕಾರ್ಡಿಫ್‌ನಲ್ಲಿ ವೇಲ್ಸ್ ವಿರುದ್ಧ ಮೊದಲ ಪಂದ್ಯ ಆಡಿದರು. ಎದುರಾಳಿ ಗ್ಯಾವಿನ್ ಹೆನ್ಸನ್, ಟೇಟ್ ಅವರನ್ನು ಟ್ಯಾಕಲ್ ಮಾಡಿ ನೆಲದಿಂದೆತ್ತಿ ಹಿಂದಕ್ಕೆ ಹೊತ್ತೊಯ್ದ ದೃಶ್ಯ ವರ್ಷಗಟ್ಟಲೆ ಮರುಪ್ರಸಾರವಾಯಿತು. ಇಂಗ್ಲೆಂಡ್ ಸೋತದ್ದು 9–11ರಿಂದ, ಎರಡೇ ಅಂಕಗಳಿಂದ. ಆದರೂ ಮುಂದಿನ ಪಂದ್ಯಕ್ಕೆ ಟೇಟ್ ತಂಡದಲ್ಲಿರಲಿಲ್ಲ. ಒಂದು ಪಂದ್ಯಕ್ಕಾಗಿ ಆರಿಸಿ ಒಂದು ಪಂದ್ಯಕ್ಕೇ ಕೈಬಿಡುವುದಾದರೆ ಆರಿಸಿದ್ದಾದರೂ ಏಕೆ ಎಂಬ ಪ್ರಶ್ನೆ ಆಗಲೂ ಕೇಳಿಬಂದಿತ್ತು. ಅವರು ಕ್ಲಬ್‌ಗೆ ಮರಳಿದರು, ಏಳು ಆಟಗಾರರ ರಗ್ಬಿಯಾದ ಸೆವೆನ್ಸ್ ತಂಡದಲ್ಲಿ ಮಿಂಚಿದರು, 2007ರ ವಿಶ್ವಕಪ್ ಫೈನಲ್‌ನಲ್ಲಿ ದಕ್ಷಿಣ ಆಫ್ರಿಕಾದ ರಕ್ಷಣೆಯನ್ನು ಸೀಳಿ ಓಡಿದರು. ಒಟ್ಟು 38 ಕ್ಯಾಪ್‌ಗಳು, ಅಂದರೆ ದೇಶದ ಪರ 38 ಪಂದ್ಯಗಳು, ಅವರ ಪಾಲಿಗೆ ಬಂದವು.

ಕ್ರಿಕೆಟ್‌ನಲ್ಲಿ ಇದೇ ಕಥೆಯ ಅತ್ಯಂತ ದೀರ್ಘವಾದ, ನನ್ನ ಮಟ್ಟಿಗೆ ಅತ್ಯಂತ ಕಾಡುವ ರೂಪ ಹಸೀಬ್ ಹಮೀದ್ ಅವರದು. ಗುಜರಾತ್ ಮೂಲದ ಕುಟುಂಬದ, ಬೋಲ್ಟನ್‌ನ ಈ ಹುಡುಗ 2016ರ ಬೇಸಿಗೆಯಲ್ಲಿ ಯಾರ್ಕ್‌ಷೈರ್ ವಿರುದ್ಧ ಲ್ಯಾಂಕಷೈರ್ ಪರ ಎರಡೂ ಇನಿಂಗ್ಸ್‌ಗಳಲ್ಲಿ ಶತಕ ಹೊಡೆದು, ಅದೇ ನವೆಂಬರ್‌ನಲ್ಲಿ, 19ನೇ ವಯಸ್ಸಿನಲ್ಲಿ, ರಾಜ್‌ಕೋಟ್‌ನಲ್ಲಿ ಟೆಸ್ಟ್ ಪದಾರ್ಪಣೆ ಮಾಡಿದರು. ಎರಡನೇ ಇನಿಂಗ್ಸ್‌ನಲ್ಲಿ 82 ರನ್. ನಾಯಕ ಅಲಸ್ಟೇರ್ ಕುಕ್ ಜೊತೆ 180 ರನ್‌ಗಳ ಜೊತೆಯಾಟ. ಚೆಂಡನ್ನು ಕಣ್ಣಿನ ಕೆಳಗೆ, ಮೆತ್ತಗಿನ ಕೈಯಲ್ಲಿ ಆಡುವ ಅವರ ರಕ್ಷಣಾತ್ಮಕ ಆಟ ನೋಡಿ, ಇಂಗ್ಲೆಂಡಿಗೆ ಮುಂದಿನ ಹತ್ತು ವರ್ಷಗಳಿಗೆ ಆರಂಭಿಕ ಆಟಗಾರ ಸಿಕ್ಕನೆಂದು ಭಾರತದ ವೀಕ್ಷಕರೂ ಹೇಳಿದ್ದುಂಟು. ಮೊಹಾಲಿಯಲ್ಲಿ ಬೆರಳು ಮುರಿಯಿತು. ಮುರಿದ ಬೆರಳಿನಲ್ಲೇ ಎಂಟನೇ ಕ್ರಮಾಂಕದಲ್ಲಿ ಬಂದು ಅಜೇಯ 59 ರನ್ ಗಳಿಸಿ, ಮನೆಗೆ ಮರಳಿ, ಶಸ್ತ್ರಚಿಕಿತ್ಸೆ ಮಾಡಿಸಿಕೊಂಡರು.

ಬೆರಳು ಕೂಡಿಕೊಂಡಿತು, ಆಟ ಕೂಡಿಕೊಳ್ಳಲಿಲ್ಲ. 2018ರ ಕೌಂಟಿ ಚಾಂಪಿಯನ್‌ಷಿಪ್‌ನಲ್ಲಿ ಅವರ ಸರಾಸರಿ ಹತ್ತನ್ನೂ ಮುಟ್ಟಲಿಲ್ಲ. 2019ರಲ್ಲಿ ಲ್ಯಾಂಕಷೈರ್ ಅವರನ್ನು ಬಿಟ್ಟುಕೊಟ್ಟಿತು. ನಾಟಿಂಗ್‌ಹ್ಯಾಮ್‌ಷೈರ್ ಸೇರಿಸಿಕೊಂಡಿತು. 2021ರ ಆಗಸ್ಟ್‌ನಲ್ಲಿ ಲಾರ್ಡ್ಸ್‌ನಲ್ಲಿ ಭಾರತದ ವಿರುದ್ಧ ಟೆಸ್ಟ್‌ಗೆ ಮರಳಿದಾಗ ಮೊದಲ ಎಸೆತಕ್ಕೇ ಮೊಹಮ್ಮದ್ ಸಿರಾಜ್ ಬೌಲ್ಡ್ ಮಾಡಿದರು. ಅದೇ ಸರಣಿಯಲ್ಲಿ ಎರಡು ಅರ್ಧಶತಕ ಹೊಡೆದರೂ ಚಳಿಗಾಲದ ಆಸ್ಟ್ರೇಲಿಯಾ ಪ್ರವಾಸದಲ್ಲಿ ವಿಫಲರಾಗಿ ಮತ್ತೆ ಹೊರಬಿದ್ದರು. ಇಷ್ಟಾದರೂ ಅವರು ನಾಟಿಂಗ್‌ಹ್ಯಾಮ್‌ಷೈರ್‌ನಲ್ಲಿ ಆರಂಭಿಕರಾಗಿ ಆಡುತ್ತಲೇ ಹೋದರು, ನಾಯಕರಾದರು, 2025ರಲ್ಲಿ ಆ ಕೌಂಟಿಗೆ ಚಾಂಪಿಯನ್‌ಷಿಪ್ ಗೆದ್ದುಕೊಟ್ಟರು. ಇಂಗ್ಲೆಂಡಿಗೆ ಹತ್ತು ವರ್ಷ ಆಡುವರೆಂಬ ಮಾತು ನಿಜವಾಗಲಿಲ್ಲ ಎಂಬುದನ್ನು ಸೋಲೆಂದು ಕರೆಯಲು ನನಗೆ ಮನಸ್ಸಾಗುವುದಿಲ್ಲ. ಕೌಂಟಿ ಎಂಬ ತವರುಮನೆ ಇಲ್ಲದಿದ್ದರೆ ಅವರು 22ನೇ ವಯಸ್ಸಿಗೇ ಆಟ ಬಿಟ್ಟಿರುತ್ತಿದ್ದರೇನೊ.

ಹಮೀದ್ ಬೆರಳು ಮುರಿದುಕೊಂಡ ಅದೇ ಮೊಹಾಲಿ ಟೆಸ್ಟ್‌ನಲ್ಲಿ ಭಾರತದ ಪರ ಪದಾರ್ಪಣೆ ಮಾಡಿದವರು ನಮ್ಮ ಕರುಣ್ ನಾಯರ್. ಅದೇ ಸರಣಿಯಲ್ಲಿ ಚೆನ್ನೈನಲ್ಲಿ ಅಜೇಯ 303 ರನ್ ಹೊಡೆದ ಅವರೂ ಬಹುಬೇಗ ತಂಡದಿಂದ ಹೊರಗುಳಿದರು. ಕರ್ನಾಟಕ ತಂಡದಲ್ಲಿ ಸ್ಥಾನ ಹೋದ ಮೇಲೆ ಅವರಿಗೆ ಆಡಲು ಜಾಗ ಸಿಕ್ಕಿದ್ದು ವಿದರ್ಭದಲ್ಲಿ ಮತ್ತು ನಾರ್ಥಾಂಪ್ಟನ್‌ಷೈರ್‌ನಲ್ಲಿ. 2024ರಲ್ಲಿ ಆ ಕೌಂಟಿಗಾಗಿ ದ್ವಿಶತಕ ಹೊಡೆದು, ಮರುವರ್ಷ ಇಂಗ್ಲೆಂಡಿನಲ್ಲೇ ಟೆಸ್ಟ್‌ಗೆ ಮರಳಿದರು. ಕೌಂಟಿ ಕ್ರಿಕೆಟ್ ಇಂಗ್ಲೆಂಡಿನ ಹುಡುಗರಿಗೆ ಮಾತ್ರ ಆಸರೆಯಾಗಿಲ್ಲ ಎಂಬುದಕ್ಕೆ ಕನ್ನಡ ಓದುಗರಿಗೆ ಇದಕ್ಕಿಂತ ಹತ್ತಿರದ ನಿದರ್ಶನ ಬೇಕಿಲ್ಲ.

ಈ ಆಸರೆ ಕುಗ್ಗಿದ್ದು ಒಂದೇ ದಿನದಲ್ಲಲ್ಲ. 2003ರಲ್ಲಿ ಟಿ20 ಬಂದಾಗ ಮತ್ತು 2021ರಲ್ಲಿ ನೂರು ಎಸೆತಗಳ ಟೂರ್ನಿ ‘ದಿ ಹಂಡ್ರೆಡ್’ ಆಗಸ್ಟ್ ತಿಂಗಳನ್ನು ತನ್ನದಾಗಿಸಿಕೊಂಡಾಗ ಹಲವು ದಿನ ನಡೆಯುವ ಕೆಂಪು ಚೆಂಡಿನ ಕ್ರಿಕೆಟ್ ಬಹುಪಾಲು ಏಪ್ರಿಲ್, ಮೇ ಮತ್ತು ಸೆಪ್ಟೆಂಬರ್‌ಗಳಿಗೆ ಸರಿಯಿತು. ಆ ತಿಂಗಳುಗಳಲ್ಲಿ ಪಿಚ್ ಹಸಿಯಾಗಿರುತ್ತದೆ, ಚೆಂಡು ಸ್ವಿಂಗ್ ಆಗುತ್ತದೆ, ಸ್ಪಿನ್ನರ್‌ಗೆ ಕೆಲಸವಿರುವುದಿಲ್ಲ. ಏಪ್ರಿಲ್, ಮೇ ಐಪಿಎಲ್ ತಿಂಗಳುಗಳೂ ಹೌದು. ಬೆಥೆಲ್ ಅವರನ್ನು ಆರ್‌ಸಿಬಿ 2.6 ಕೋಟಿ ರೂಪಾಯಿಗೆ ಕೊಂಡಿತ್ತು. 2025ರ ಮೇ ತಿಂಗಳಲ್ಲಿ ಚಿನ್ನಸ್ವಾಮಿ ಕ್ರೀಡಾಂಗಣದಲ್ಲಿ ಚೆನ್ನೈ ವಿರುದ್ಧ ವಿರಾಟ್ ಕೊಹ್ಲಿ ಜೊತೆ ಇನಿಂಗ್ಸ್ ಆರಂಭಿಸಿ 33 ಎಸೆತಗಳಲ್ಲಿ ಅವರು ಹೊಡೆದ 55 ರನ್ ಬೆಂಗಳೂರಿನವರಿಗೆ ನೆನಪಿದೆ. ಆದರೆ ಇಡೀ ಋತುವಿನಲ್ಲಿ ಅವರಿಗೆ ಆಡಲು ಸಿಕ್ಕಿದ್ದು ಎರಡೇ ಪಂದ್ಯ. ಆಗಸ್ಟ್‌ನಲ್ಲಿ, ಕೆಂಪು ಚೆಂಡಿನ ಅಭ್ಯಾಸವೇ ಹೆಚ್ಚಿಲ್ಲದೆ, ಓವಲ್‌ನಲ್ಲಿ ಭಾರತದ ವಿರುದ್ಧ ಅವರನ್ನು ಕಣಕ್ಕಿಳಿಸಿದಾಗ 6 ಮತ್ತು 5 ರನ್‌ಗಳಿಗೆ ಔಟಾದರು. ಗೆಲುವಿನ ಹತ್ತಿರದಲ್ಲಿ ಮುನ್ನುಗ್ಗಿ ಹೊಡೆಯಲು ಹೋಗಿ ಪ್ರಸಿದ್ಧ ಕೃಷ್ಣ ಎಸೆತದಲ್ಲಿ ಬೌಲ್ಡ್ ಆದ ಆ ಹೊಡೆತಕ್ಕಾಗಿ ಅವರನ್ನು ಟೀಕಿಸಿದವರು, ಆ ಬೇಸಿಗೆಯಲ್ಲಿ ಅವರಿಗೆ ನಾಲ್ಕು ದಿನಗಳ ಪಂದ್ಯಗಳು ಎಷ್ಟು ಸಿಕ್ಕಿದ್ದವು ಎಂದು ಕೇಳಿದ್ದರೆ ಒಳ್ಳೆಯದಿತ್ತು.

ಆಫ್‌ಸ್ಪಿನ್ನರ್ ಶೋಯಬ್ ಬಷೀರ್ ಅವರದು ಇನ್ನೂ ವಿಚಿತ್ರ. ಕೇವಲ ಆರು ಪ್ರಥಮ ದರ್ಜೆ ಪಂದ್ಯಗಳ ಅನುಭವದ ಮೇಲೆ 2024ರಲ್ಲಿ ವಿಶಾಖಪಟ್ಟಣದಲ್ಲಿ ಟೆಸ್ಟ್ ಆಡಿದ ಅವರು ಇಂಗ್ಲೆಂಡಿನ ಮೊದಲ ಆಯ್ಕೆಯ ಸ್ಪಿನ್ನರ್ ಆದರು, ಆದರೆ ಸ್ವಂತ ಕೌಂಟಿ ಸಾಮರ್‌ಸೆಟ್‌ನಲ್ಲಿ ಹನ್ನೊಂದರಲ್ಲಿ ಒಬ್ಬರಾಗಲಿಲ್ಲ. ಅಲ್ಲಿ ಜ್ಯಾಕ್ ಲೀಚ್ ಇದ್ದರು. ಪಂದ್ಯ ಸಿಗಲೆಂದು ಒಂದು ವರ್ಷ ವೂಸ್ಟರ್‌ಷೈರ್‌ಗೆ, ಮರುವರ್ಷ ಗ್ಲಾಮೊರ್ಗನ್‌ಗೆ ಎರವಲು ಹೋಗಬೇಕಾಯಿತು. 2025–26ರ ಆಸ್ಟ್ರೇಲಿಯಾ ಪ್ರವಾಸದಲ್ಲಿ ಐದೂ ಟೆಸ್ಟ್‌ಗಳಲ್ಲಿ ಅವರು ಹೊರಗೆ ಕುಳಿತರು.

ರಗ್ಬಿಯಲ್ಲಿ ಮರಳುವ ಜಾಗ ಕುಗ್ಗಿದ್ದಲ್ಲ, ಕೆಲವರ ಪಾಲಿಗೆ ಇಲ್ಲವೇ ಆಯಿತು. 2022ರಲ್ಲಿ ವೂಸ್ಟರ್ ಮತ್ತು ವಾಸ್ಪ್ಸ್, 2023ರಲ್ಲಿ ಲಂಡನ್ ಐರಿಷ್ ಹಣಕಾಸು ಕುಸಿದು ಲೀಗ್‌ನಿಂದ ಹೊರಬಿದ್ದವು. 13 ಕ್ಲಬ್‌ಗಳಿದ್ದ ಆ ಲೀಗ್, ಪ್ರೀಮಿಯರ್‌ಷಿಪ್, ಹತ್ತಕ್ಕಿಳಿಯಿತು. ಲಂಡನ್ ಐರಿಷ್‌ನ ಹೆನ್ರಿ ಅರುಂಡೆಲ್ 2022ರಲ್ಲಿ ಪರ್ತ್‌ನಲ್ಲಿ ಇಂಗ್ಲೆಂಡ್ ಪರ ಮುಟ್ಟಿದ ಮೊದಲ ಚೆಂಡಿನಲ್ಲೇ ಟ್ರೈ (ಎದುರಾಳಿಯ ಗೆರೆಯಾಚೆ ಚೆಂಡನ್ನು ನೆಲಕ್ಕೆ ಮುಟ್ಟಿಸಿ ಪಡೆಯುವ ಅಂಕ) ಗಳಿಸಿದ್ದವರು. ಕ್ಲಬ್ ಮುಳುಗಿದ ಮೇಲೆ ಪ್ಯಾರಿಸ್‌ನ ರಾಸಿಂಗ್ 92 ಸೇರಿದರು. ವಿಶೇಷ ವಿನಾಯಿತಿಯಲ್ಲಿ ವಿಶ್ವಕಪ್ ಆಡಿ ಚಿಲಿ ವಿರುದ್ಧ ಒಂದೇ ಪಂದ್ಯದಲ್ಲಿ ಐದು ಟ್ರೈ ಗಳಿಸಿದರು, ಆದರೆ ಫ್ರಾನ್ಸ್‌ನಲ್ಲೇ ಗುತ್ತಿಗೆ ಮುಂದುವರಿಸಿದ ಕೂಡಲೇ ಇಂಗ್ಲೆಂಡ್ ತಂಡಕ್ಕೆ ಅನರ್ಹರಾದರು. 2025ರಲ್ಲಿ ಬಾತ್ ಕ್ಲಬ್‌ಗೆ ಬಂದ ಮೇಲಷ್ಟೇ ಆ ಬಾಗಿಲು ತೆರೆಯಿತು. ತಮ್ಮದಲ್ಲದ ದಿವಾಳಿಗೆ ಒಬ್ಬ ಇಪ್ಪತ್ತರ ಆಟಗಾರ ತೆತ್ತ ಬೆಲೆ ಇದು. ಸ್ಥಿರತೆ ತರಲೆಂದು ರಗ್ಬಿ ಒಕ್ಕೂಟ 2024ರಲ್ಲಿ ಆಯ್ದ ಆಟಗಾರರಿಗೆ ಕ್ಲಬ್ ಮತ್ತು ದೇಶ ಎರಡೂ ಸೇರಿದ ಗುತ್ತಿಗೆ ಕೊಡಲು ಆರಂಭಿಸಿದೆ. ಅದು 25 ಮಂದಿಗೆ ಸೀಮಿತ.

ಮಹಿಳಾ ಕ್ರೀಡೆಯಲ್ಲಿ ಚಲನೆ ಇದಕ್ಕೆ ವಿರುದ್ಧ ದಿಕ್ಕಿನದು. 2005ರಲ್ಲಿ 15ನೇ ವಯಸ್ಸಿನ ಶಾಲಾ ಹುಡುಗಿ ಹೋಲಿ ಕೋಲ್ವಿನ್ ಆಸ್ಟ್ರೇಲಿಯಾ ವಿರುದ್ಧ ಟೆಸ್ಟ್ ಆಡಿದಾಗ ಆಟವನ್ನೇ ನಂಬಿ ಬದುಕುವ ದಾರಿಯಿರಲಿಲ್ಲ. ಕ್ರಿಕೆಟಿಗರಿಗೆ 2014ರಲ್ಲಿ, ರಗ್ಬಿ ಆಟಗಾರ್ತಿಯರಿಗೆ 2019ರಲ್ಲಿ ಪೂರ್ಣಾವಧಿ ಗುತ್ತಿಗೆಗಳು ಬಂದವು.

ಹಳೆಯ ದಾರಿ ಪೂರ್ತಿ ಮುಚ್ಚಿಲ್ಲ. 2022ರ ಡಿಸೆಂಬರ್‌ನಲ್ಲಿ ಕರಾಚಿಯಲ್ಲಿ 18 ವರ್ಷ 126 ದಿನಗಳ ರೆಹಾನ್ ಅಹ್ಮದ್, ಪುರುಷರಲ್ಲಿ ಇಂಗ್ಲೆಂಡಿನ ಅತಿ ಕಿರಿಯ ಟೆಸ್ಟ್ ಆಟಗಾರನೆಂಬ ಕ್ಲೋಸ್ ಅವರ ದಾಖಲೆಯನ್ನು ಮುರಿದು, ಎರಡನೇ ಇನಿಂಗ್ಸ್‌ನಲ್ಲಿ 48 ರನ್‌ಗಳಿಗೆ ಐದು ವಿಕೆಟ್ ಪಡೆದಿದ್ದರು. ಟೆಸ್ಟ್ ತಂಡದಲ್ಲಿ ನೆಲೆ ಸಿಗದಾಗ ಲೆಸ್ಟರ್‌ಷೈರ್‌ಗೆ ಮರಳಿದ ಈ ಲೆಗ್‌ಸ್ಪಿನ್ನರ್ ಅಲ್ಲಿ ಮೇಲಿನ ಕ್ರಮಾಂಕದಲ್ಲಿ ಬ್ಯಾಟಿಂಗ್‌ಗಿಳಿದು 2025ರಲ್ಲಿ ಒಂದಾದ ಮೇಲೊಂದು ಶತಕ ಹೊಡೆದರು. ಎರಡನೇ ಡಿವಿಷನ್ ಗೆದ್ದ ಆ ಕೌಂಟಿ ಇಪ್ಪತ್ತು ವರ್ಷಗಳಿಗೂ ಹೆಚ್ಚು ಕಾಲದ ನಂತರ ಮೇಲಿನ ಡಿವಿಷನ್‌ಗೆ ಏರಿತು. ಅದೇ ಸೆಪ್ಟೆಂಬರ್‌ನಲ್ಲಿ ಚಾಂಪಿಯನ್‌ಷಿಪ್ ಪಂದ್ಯಗಳನ್ನು 14ರಿಂದ ಇಳಿಸಬೇಕೆಂಬ ಪ್ರಸ್ತಾವ ಕೌಂಟಿಗಳ ಮುಂದೆ ಬಂತು. ದಣಿವು ಮತ್ತು ಗಾಯಗಳ ಕಾರಣ ಕೊಟ್ಟು ಕಡಿತಕ್ಕೆ ಒತ್ತಾಯಿಸಿದ್ದು ಆಟಗಾರರ ಸಂಘವೇ, ಮತ್ತು ಆ ದೂರಿನಲ್ಲಿ ಸತ್ಯವಿದೆ. ಪ್ರಸ್ತಾವಕ್ಕೆ ಬೇಕಾದಷ್ಟು ಬೆಂಬಲ ದೊರೆಯಲಿಲ್ಲ. 2026ರ ಋತುವಿಗೂ 14 ಪಂದ್ಯಗಳೇ ಉಳಿದವು.