ಹೀಬ್ರೂ ಬಾರದವರ ಲಿನಕ್ಸ್‌ನಲ್ಲಿ ಫ್ರಿಬಿಡಿಗೆ ಏನು ಕೆಲಸ?

ಪ್ರಶ್ನೆ: ಹೊಸದಾಗಿ ಲಿನಕ್ಸ್ ಹಾಕಿಕೊಂಡಿದ್ದೇನೆ. ಅಪ್‌ಡೇಟ್ ಪಟ್ಟಿಯಲ್ಲಿ ಲಿಬ್‌ಫ್ರಿಬಿಡಿ ಅಂತ ಒಂದು ಫೈಲ್ ಕಾಣಿಸಿತು. ಹುಡುಕಿದರೆ ಅದು ಫ್ರಿಬಿಡಿ, ಹೀಬ್ರೂ, ಅರೇಬಿಕ್‌ಗೆ ಬೇಕಾದ ಲೈಬ್ರರಿ (ಬೇರೆ ಪ್ರೋಗ್ರಾಂಗಳು ಹಂಚಿಕೊಂಡು ಬಳಸುವ ಕೋಡ್) ಅಂತ ಬಂತು. ನನಗೆ ಕನ್ನಡ, ಇಂಗ್ಲಿಷ್ ಬಿಟ್ಟು ಬೇರೆ ಬರಲ್ಲ. ತೆಗೆದು ಹಾಕಬಹುದಾ?

ಬೇಡ, ಸುಮ್ನೆ ಇರಲಿ ಬಿಡಿ. ಮೊಬೈಲಲ್ಲಿ ತೆಗೆದ ಒಂದು ಫೋಟೊದಷ್ಟು ಜಾಗವನ್ನೂ ಅದು ತಿನ್ನುವುದಿಲ್ಲ.

ನಾನೂ ಒಮ್ಮೆ ಇದೇ ಯೋಚನೆ ಮಾಡಿ ತೆಗೆಯುವ ಕಮಾಂಡ್ ಕೊಟ್ಟಿದ್ದೆ. ಪುಣ್ಯಕ್ಕೆ ಸಾಫ್ಟ್‌ವೇರ್ ಹಾಕುವ, ತೆಗೆಯುವ ಆಪ್ಟ್ ಒಂದು ಮಾತು ಕೇಳುತ್ತದಲ್ಲ, ಇದರ ಜೊತೆ ಇವೂ ಹೋಗುತ್ತವೆ, ಮುಂದುವರಿಯಲಾ ಅಂತ. ಪಟ್ಟಿ ನೋಡಿದರೆ ಫೈಲ್ ಮ್ಯಾನೇಜರ್, ಟೆಕ್ಸ್ಟ್ ಎಡಿಟರ್, ಹೆಚ್ಚುಕಡಿಮೆ ಇಡೀ ಡೆಸ್ಕ್‌ಟಾಪ್! ಕೂಡಲೇ ಬೇಡ ಅಂದೆ. ಅಕ್ಷರಗಳನ್ನು ಪರದೆ ಮೇಲೆ ಜೋಡಿಸುವ ಪ್ಯಾಂಗೋ ಎಂಬ ಲೈಬ್ರರಿ ಫ್ರಿಬಿಡಿ ಮೇಲೆ ನಿಂತಿದೆ, ಪ್ಯಾಂಗೋ ಮೇಲೆ ಜಿಟಿಕೆ (ಕಿಟಕಿ, ಗುಂಡಿ, ಮೆನು ಬಿಡಿಸುವ ಲೈಬ್ರರಿ), ಜಿಟಿಕೆ ಮೇಲೆ ನೀವು ದಿನಾ ತೆರೆಯುವ ಕಿಟಕಿಗಳು. ಅಟ್ಟದಲ್ಲಿ ಒಂದರ ಮೇಲೊಂದು ಪೇರಿಸಿದ ಡಬ್ಬಗಳಲ್ಲಿ ಕೆಳಗಿನದನ್ನು ಎಳೆದರೆ ಏನಾಗುತ್ತದೆ, ಅಲ್ವಾ?

ಸರಿ, ಅದು ಮಾಡುವ ಕೆಲಸವಾದರೂ ಏನು? ಹೀಬ್ರೂ ಬಲದಿಂದ ಎಡಕ್ಕೆ ಓಡುತ್ತದೆ. ಹಾಗಾದರೆ ಸಾಲನ್ನು ತಿರುಗಿಸಿದರೆ ಮುಗೀತು ಅನ್ನಿಸಬಹುದು. ಮುಗಿಯುವುದಿಲ್ಲ. ಕನ್ನಡವನ್ನೂ ಬಲದಿಂದ ಬರೆಯುತ್ತೇವೆ ಅಂದುಕೊಳ್ಳಿ. 'ಅಂಗಡಿ 250 ರೂಪಾಯಿ' ಅನ್ನುವುದನ್ನು ಕಣ್ಣುಮುಚ್ಚಿ ತಿರುಗಿಸಿದರೆ 'ಯಿಪಾರೂ 052 ಡಿಗಅಂ' ಆಗುತ್ತದೆ. ಆದರೆ ಹೀಬ್ರೂನಲ್ಲೂ ಅಂಕಿ ಓದುವುದು ಎಡದಿಂದಲೇ, 250 ಅನ್ನುವುದು 250 ಆಗಿಯೇ ಉಳಿಯಬೇಕು. ನಡುವೆ ಒಂದು ಇಂಗ್ಲಿಷ್ ಪದ ಬಂದರೆ ಅದೂ ಎಡದಿಂದಲೇ. ಬ್ರಾಕೆಟ್ ಇದ್ದರೆ ಅದರ ಮುಖ ಆ ಕಡೆಯಿಂದ ಈ ಕಡೆಗೆ ತಿರುಗಬೇಕು. ಇದಕ್ಕೆಲ್ಲ ಯೂನಿಕೋಡ್‌ನವರು (ಎಲ್ಲ ಭಾಷೆಯ ಅಕ್ಷರಗಳಿಗೂ ಕಂಪ್ಯೂಟರಿನಲ್ಲಿ ಒಂದೊಂದು ಸಂಖ್ಯೆ ಕೊಡುವವರು) ಒಂದು ನಿಯಮಾವಳಿ ಮಾಡಿದ್ದಾರೆ: ಪ್ರತಿ ಅಕ್ಷರಕ್ಕೂ ಒಂದು ದಿಕ್ಕಿನ ಗುರುತು. ಹೀಬ್ರೂನ ಮೊದಲ ಅಕ್ಷರ ಆಲೆಫ್‌ಗೆ ಬಲದ್ದು, ನಮ್ಮ 'ಕ'ಗೆ ಎಡದ್ದು. ಖಾಲಿ ಜಾಗ, ಬ್ರಾಕೆಟ್ಟು ಇವಕ್ಕೆಲ್ಲ ಸ್ವಂತ ದಿಕ್ಕಿಲ್ಲ, ಅಕ್ಕಪಕ್ಕದವರು ಹೋದ ಕಡೆ ಹೋಗುತ್ತವೆ. ಈ ನಿಯಮಗಳನ್ನು ಪಾಲಿಸುವ ಕೋಡೇ ಫ್ರಿಬಿಡಿ. 1999ರಲ್ಲಿ ದೋವ್ ಗ್ರೋಬ್‌ಗೆಲ್ಡ್ ಶುರು ಮಾಡಿದ್ದು, ಆಮೇಲೆ ಇರಾನ್ ಮೂಲದ ಬೆಹದಾದ್ ಎಸ್ಫಾಬೋದ್ ಕೈಜೋಡಿಸಿದರು.

ಇದಕ್ಕೆ ಮುಂಚೆ ಇಸ್ರೇಲಿನವರು ಪಟ್ಟ ಪಾಡು ಕೇಳಬೇಕು. 7 ಬಿಟ್ ಕಾಲದಲ್ಲಿ, ಅಂದರೆ ಎಲ್ಲ ಚಿಹ್ನೆಗಳಿಗೂ ಸೇರಿ 128 ಜಾಗ ಮಾತ್ರ ಇದ್ದಾಗ, ಇಂಗ್ಲಿಷಿನ ಸಣ್ಣಕ್ಷರಗಳ ಜಾಗದಲ್ಲೇ ಹೀಬ್ರೂ ಕೂರಿಸಿದ್ದರು. 22 ಅಕ್ಷರ, ಜೊತೆಗೆ ಪದದ ಕೊನೆಯಲ್ಲಿ ಮಾತ್ರ ಬರುವ 5 ರೂಪಗಳು, ಒಟ್ಟು 27. 90ರ ದಶಕದ ವೆಬ್ ಪುಟಗಳಲ್ಲಿ ಬಹಳಷ್ಟು ಜನ ಸಾಲನ್ನು ತಾವೇ ಹಿಂದುಮುಂದು ಮಾಡಿ ಉಳಿಸುತ್ತಿದ್ದರು. ಪರದೆಯಲ್ಲಿ ಸರಿಯಾಗೇ ಕಾಣುತ್ತಿತ್ತು. ಕಿಟಕಿ ಸ್ವಲ್ಪ ಕಿರಿದಾಗಿ ಸಾಲು ಮುರಿದರೆ ಮಾತ್ರ ಎಡವಟ್ಟು: ವಾಕ್ಯದ ಕೊನೆ ಮೇಲಿನ ಸಾಲಿಗೆ, ಶುರು ಕೆಳಗಿನ ಸಾಲಿಗೆ. ಶಾಲೋಮ್ (ಹೀಬ್ರೂನ ನಮಸ್ಕಾರ) ಅಂತ ಹುಡುಕಿದರೆ ಸಿಗುತ್ತಿರಲಿಲ್ಲ, ಯಾಕೆಂದರೆ ಫೈಲಿನೊಳಗೆ ಅದು ತಲೆಕೆಳಗಾಗಿ ಮೊದಲು ಮೇಮ್ (ಮ), ಕೊನೆಗೆ ಶಿನ್ (ಶ) ಆಗಿ ಕೂತಿರುತ್ತಿತ್ತು.

ನಮಗಿದು ಹೊಸದೇನಲ್ಲ. ಯೂನಿಕೋಡ್‌ಗೆ ಮೊದಲಿನ ಕನ್ನಡ ಫಾಂಟ್‌ಗಳಲ್ಲಿ ಟೈಪ್ ಮಾಡಿದ ಹಳೇ ಫೈಲ್ ತೆಗೆದು ನೋಡಿ, ಆ ಫಾಂಟ್ ಇದ್ದರೆ ಕನ್ನಡ, ಇಲ್ಲದಿದ್ದರೆ ಚಿತ್ರವಿಚಿತ್ರ ಇಂಗ್ಲಿಷ್ ಚಿಹ್ನೆಗಳು. ಕಣ್ಣಿಗೆ ಸರಿ, ಕಂಪ್ಯೂಟರಿಗೆ ಗೊಜ್ಜು.

ಈಗ ನಿಮ್ಮ ಪರದೆಗೆ ಬರೋಣ. ಅಲ್ಲಿ ಕಾಣುವ ಕನ್ನಡದ ಒತ್ತಕ್ಷರ ಕೂರಿಸುವುದು ಹಾರ್ಫ್‌ಬಜ್ ಎಂಬ ಇನ್ನೊಂದು ಲೈಬ್ರರಿ. ಅದರ ಹೆಸರು ಪರ್ಷಿಯನ್ ಭಾಷೆಯದು, ಈಗಿನ ರೂಪಕ್ಕೆ ಬೆಳೆಸಿದ್ದು ಅದೇ ಬೆಹದಾದ್. ಅಂದರೆ ಪರ್ಷಿಯನ್ ಹೆಸರು ಹೊತ್ತ ಸಾಮಾನಿನಲ್ಲೇ 'ಅಕ್ಕ'ನ ಒತ್ತು ಸರಿಯಾಗಿ ಕೂತಿರುವುದು. ವಿಡಿಯೊ ಸಬ್‌ಟೈಟಲ್ ತೋರಿಸುವ ಲಿಬಾಸ್ ಕೂಡ ಈ ಎರಡನ್ನೂ ಬಳಸುತ್ತದೆ.

ತೆಗೆಯಲೇಬೇಕು ಅನ್ನುವ ಹಟ ಇದ್ದರೆ ಬೇರೆ ಎರಡಿವೆ. ಹೆಚ್‌ಸ್ಪೆಲ್ ಅನ್ನುವುದು ಹೀಬ್ರೂ ಕಾಗುಣಿತ ತಿದ್ದುವ ಸಾಫ್ಟ್‌ವೇರ್. ಕುಲ್ಮುಸ್ ಅನ್ನುವುದು ಹೀಬ್ರೂ ಫಾಂಟ್‌ಗಳ ಗಂಟು (ಆ ಪದಕ್ಕೆ ಲೇಖನಿ ಅಂತಲೇ ಅರ್ಥ). ಇವು ನಿಜಕ್ಕೂ ಹೀಬ್ರೂದವರಿಗೇ ಮಾಡಿದ್ದು. ಆದರೂ ಎಂಟರ್ ಒತ್ತುವ ಮೊದಲು ಜೊತೆಗೆ ಏನೇನು ಹೋಗುತ್ತದೆ ಅನ್ನುವ ಪಟ್ಟಿ ಓದಿ. ನಾನು ಹೆಚ್‌ಸ್ಪೆಲ್ ತೆಗೆದೆ, ಕುಲ್ಮುಸ್ ಬಿಟ್ಟೆ. ಅದೂ ಹೋಗಿ ಬೇರೆ ಯಾವ ಫಾಂಟಿನಲ್ಲೂ ಹೀಬ್ರೂ ಇಲ್ಲದಿದ್ದರೆ, ಆ ಅಕ್ಷರ ಬಂದ ಕಡೆಯೆಲ್ಲ ಖಾಲಿ ಚೌಕಗಳು ಕಾಣುತ್ತವೆ, ಅಷ್ಟೇ.