ಪದ ಪರಿಚಯ: ಓಪಿಯಾಯ್ಡ್

ನಮ್ಮ ಬಾಗಲಕೋಟೆ ಕಡೆ ಪಾಯಸಕ್ಕೆ, ಕರದಂಟಿಗೆ ಗಸಗಸೆ ಹಾಕುವವರಿದ್ದಾರೆ. ಅದೇ ಗಿಡದ ಎಳೆ ಕಾಯಿಯನ್ನು ಗೀರಿದರೆ ಬಿಳಿ ಹಾಲು ಒಸರುತ್ತದೆ. ಒಣಗಿ ಕಂದು ಬಣ್ಣಕ್ಕೆ ತಿರುಗಿದ ಆ ಹಾಲೇ ಅಫೀಮು. ಗಸಗಸೆಗೆ ಹೆದರಬೇಡಿ, ಹಾಲು ಇರುವುದು ಕಾಯಿಯ ಸಿಪ್ಪೆಯಲ್ಲಿ.

ಗ್ರೀಕರು ಗಿಡದ ರಸಕ್ಕೆ 'ಓಪೋಸ್' ಎನ್ನುತ್ತಿದ್ದರು. ಅದರಿಂದ 'ಓಪಿಯನ್' ಹುಟ್ಟಿತು. ಅರಬ್ಬಿಯಲ್ಲಿ 'ಅಫ್ಯೂನ್' ಆಯಿತು, ನಮ್ಮಲ್ಲಿ 'ಅಫೀಮು'. ಓಪಿಯಾಯ್ಡ್ ಎಂಬ ಹೊಸ ಪದವೂ ಅದೇ ಬೇರಿನದು. ಅಫೀಮಿನಲ್ಲೇ ಇರುವ ಮಾರ್ಫಿನ್, ಕೊಡೀನ್, ಅದರ ಸತ್ವವನ್ನು ಮಾರ್ಪಡಿಸಿದ ಆಕ್ಸಿಕೊಡೋನ್, ಪೂರ್ತಿ ಲ್ಯಾಬಿನಲ್ಲೇ ತಯಾರಾಗುವ ಫೆಂಟನಿಲ್, ಟ್ರಮಡಾಲ್ ಎಲ್ಲವೂ ಓಪಿಯಾಯ್ಡ್‌ಗಳೇ. ಇವು ನೋವು ತಗ್ಗಿಸುತ್ತವೆ. ಜಾಸ್ತಿಯಾದರೆ ಉಸಿರನ್ನೇ ನಿಲ್ಲಿಸುತ್ತವೆ. ಪ್ಯಾರಾಸಿಟಮಾಲ್ ಈ ಗುಂಪಿನದಲ್ಲ.

ಇಂಥ ಗುಳಿಗೆ ಅಮೆರಿಕದಲ್ಲಿ ಮನೆಮನೆ ಸೇರಿದ್ದು ಕಳ್ಳ ವ್ಯಾಪಾರದಿಂದಲ್ಲ, ಡಾಕ್ಟರ ಚೀಟಿಯಿಂದ. 1980ರಲ್ಲಿ ಒಂದು ವೈದ್ಯಕೀಯ ಪತ್ರಿಕೆಯಲ್ಲಿ ಐದೇ ವಾಕ್ಯಗಳ ಪತ್ರ ಬಂತು. ಆಸ್ಪತ್ರೆಯಲ್ಲಿ ಈ ಔಷಧ ಪಡೆದ 11,882 ರೋಗಿಗಳಲ್ಲಿ ಹೊಸದಾಗಿ ಚಟಕ್ಕೆ ಬಿದ್ದವರು ನಾಲ್ಕೇ ಮಂದಿ ಎಂದಿತ್ತು. ಅವರೆಲ್ಲ ಆಸ್ಪತ್ರೆಯಲ್ಲಿದ್ದವರು, ಅಲ್ವಾ? ಮನೆಯಲ್ಲಿ ತಿಂಗಳುಗಟ್ಟಲೆ ನುಂಗುವವರ ಬಗ್ಗೆ ಆ ಪತ್ರ ಏನೂ ಹೇಳಿರಲಿಲ್ಲ. ಆದರೂ 'ಚಟ ಹತ್ತುವುದು ಅಪರೂಪ' ಎನ್ನಲು ಅದನ್ನೇ ನೂರಾರು ಸಲ ಎತ್ತಿ ತೋರಿಸಿದರು. 1996ರಲ್ಲಿ ಪರ್ಡ್ಯೂ ಫಾರ್ಮಾ ಕಂಪನಿ ಆಕ್ಸಿಕೊಡೋನ್ ಇರುವ ಆಕ್ಸಿಕಾಂಟಿನ್ ಗುಳಿಗೆಯನ್ನು ಮಾರುಕಟ್ಟೆಗೆ ಬಿಟ್ಟಿತು. ಇದಕ್ಕೆ ಚಟ ಹತ್ತುವ ಭಯ ಕಡಿಮೆ ಎಂದು ಡಾಕ್ಟರುಗಳನ್ನು ನಂಬಿಸಿತು. ಆ ತಪ್ಪು ಪ್ರಚಾರವನ್ನು 2007ರಲ್ಲಿ ಅದರ ಸೋದರ ಕಂಪನಿ ಕೋರ್ಟಿನಲ್ಲಿ ಒಪ್ಪಿಕೊಂಡಿತು. ಅಷ್ಟರಲ್ಲಿ ಎಷ್ಟೋ ಮನೆಗಳು ಮುರಿದಿದ್ದವು. ಚೀಟಿ ಬಿಗಿಯಾದಾಗ ಹಲವರು ಹೆರಾಯಿನ್‌ಗೆ ಹೋದರು, ಆಮೇಲೆ ಫೆಂಟನಿಲ್ ಬಂತು. ನನಗೆ ಸಿಟ್ಟು ಬರುವುದು ಇಲ್ಲಿಯೇ. ನೋವಿದೆ ಎಂದು ಬಂದವರಿಗೆ ಸುಳ್ಳು ಧೈರ್ಯ ಹೇಳಿದರಲ್ಲ.

ನಮ್ಮಲ್ಲಿ ಟ್ರಮಡಾಲನ್ನು 2018ರಲ್ಲಿ ಮಾದಕ ವಸ್ತು ಕಾಯ್ದೆಯಡಿ ತಂದರು. ನಮ್ಮ ಓಣಿಯ ಕಾಕಾ ಒಬ್ಬರು ಬೆನ್ನು ನೋವಿಗೆ ಅದನ್ನೇ ಬಹಳ ದಿನ ನುಂಗಿದ್ದರು. ಗುಳಿಗೆ ತಪ್ಪಿದ ದಿನ ಬೆವರು, ಮೈ ಕೈ ನೋವು, ರಾತ್ರಿಯಿಡೀ ನಿದ್ದೆಯಿಲ್ಲ. ಮನೆಯವರು 'ಚಟ ಹತ್ತೇತಿ' ಎಂದು ಬೈದರು. ಡಾಕ್ಟರು ಮಾತ್ರ ಬೈಯಲಿಲ್ಲ. ಒಮ್ಮೆಲೇ ಬಿಡಬೇಡಿ ಎಂದು ವಾರವಾರ ಸ್ವಲ್ಪಸ್ವಲ್ಪ ಇಳಿಸುತ್ತ ಬಂದರು. ಈಗ ಕಾಕಾ ಮತ್ತೆ ಬೆಳಿಗ್ಗೆ ಹೊಲಕ್ಕೆ ಹೋಗುತ್ತಾರೆ.